ಕಾಫಿ ಕಣದಲ್ಲಿ ಮೂಕಿ ಚಿತ್ರದ ಟ್ರಿಕ್‌ಗಳು: ಕಟ್ ಆದಲ್ಲಿ ಚಿತ್ರ ಯಾಕೆ ಹಾರುತ್ತದೆ?

ತೋಟದಮನೆ_ಮಡಿಕೇರಿ

ಎಲ್ಲರಿಗೂ ನಮಸ್ಕಾರ. ಐದು ನಿಮಿಷದ ಒಂದು ಮೂಕಿ ಚಿತ್ರ, ಕಪ್ಪು-ಬಿಳುಪು, ಮೆಲಿಯೆಸ್ (ಜಾದೂಗಾರನೂ ಆಗಿದ್ದ ಫ್ರೆಂಚ್ ಚಿತ್ರ ನಿರ್ದೇಶಕ) ಕಾಲದ ಟ್ರಿಕ್ ಚಿತ್ರಗಳ ಧಾಟಿಯಲ್ಲಿ ಮಾಡುವ ಯೋಜನೆ ಉಂಟು. ಗ್ರಾಫಿಕ್ಸ್ ಬೇಡ ಅಂತ ಮೊದಲೇ ತೀರ್ಮಾನ. ಕತ್ತರಿಸುವುದು, ಜೋಡಿಸುವುದು, ಒಂದರ ಮೇಲೊಂದು ಕೂರಿಸುವುದು, ಅಷ್ಟಕ್ಕೆ ಮಾತ್ರ ಕಂಪ್ಯೂಟರ್.

ಜಾಗ ಮಡಿಕೇರಿ ಹತ್ತಿರದ, ಕಾಫಿ ಒಣಗಿಸುವ ಒಂದು ಕಣ, ಸಿಮೆಂಟಿನದು, 40 ಅಡಿಗೆ 30 ಅಡಿ. ಪಕ್ಕದಲ್ಲೇ ಗೋದಾಮು. ಕೊಯ್ಲು ಶುರುವಾದರೆ ಕಣ ಸಿಗುವುದಿಲ್ಲ, ನವೆಂಬರ್‌ನಲ್ಲೇ ಮುಗಿಸಬೇಕು. ಕ್ಯಾಮೆರಾಕ್ಕೆ ಒಂದು ಫೋನ್, ಒಂದು ಹಳೆ ಡಿಎಸ್‌ಎಲ್‌ಆರ್, 18-55 ಲೆನ್ಸ್.

ಬೇಕಾದ್ದು ಮೂರು. ಕುರ್ಚಿಯಲ್ಲಿ ಕೂತ ಹೆಂಗಸು ಬಟ್ಟೆ ಮುಚ್ಚಿ ತೆಗೆಯುವಷ್ಟರಲ್ಲಿ ಮಾಯ ಆಗಬೇಕು. ಮೇಜಿನ ಮೇಲಿಟ್ಟ ತಲೆ ಬಲೂನಿನ ಹಾಗೆ ಊದಬೇಕು. ಕೊನೆಗೆ ಹಳೇ ದೊರೆ ಬಂಗಲೆಯಲ್ಲಿ ಒಂದು ದೆವ್ವ.

ಪರೀಕ್ಷೆಗೆ ತೆಗೆದ ಶಾಟ್‌ಗಳಲ್ಲಿ ಬಂದ ತೊಂದರೆ: ಮಾಯವಾಗುವಲ್ಲಿ ಇಡೀ ಚಿತ್ರ ಒಂದು ಚೂರು ಪಕ್ಕಕ್ಕೆ ಹಾರುತ್ತದೆ, ಬೆಳಕೂ ಬದಲಾಗುತ್ತದೆ. ಕಪ್ಪು ಪರದೆ ಕಪ್ಪಾಗಿಲ್ಲ, ಬೂದಿ ಬಣ್ಣ. ಎರಡು ಶಾಟ್ ಒಂದರ ಮೇಲೊಂದು ಕೂರಿಸಿದರೆ ಆಳಿನ ಎದೆಯೊಳಗೆ ಮೇಜಿನ ಅಂಚು ಕಾಣುತ್ತದೆ. ತಿಳಿದವರು ದಯವಿಟ್ಟು ಹೇಳಿ.

ಬೆಳಕಿಂಡಿ

ಮೊದಲ ತೊಂದರೆಗೆ ಕಾರಣ ನೀವು ರೆಕಾರ್ಡಿಂಗ್ ನಿಲ್ಲಿಸುತ್ತಿರುವುದು. ನಿಲ್ಲಿಸಬೇಡಿ. ಗುಂಡಿ ಒತ್ತಿದಾಗ ಫೋನ್ ಕೂದಲೆಳೆಯಷ್ಟಾದರೂ ಅಲುಗುತ್ತದೆ, ಹೊಸ ಕ್ಲಿಪ್‌ಗೆ ಬೆಳಕನ್ನು ಹೊಸದಾಗಿ ಅಳೆಯುತ್ತದೆ. ಅದಕ್ಕಿಂತ ಕೆಟ್ಟದ್ದು ಸ್ಟೆಬಿಲೈಸೇಶನ್, ಅಂದರೆ ಕೈನಡುಕ ತಡೆಯುವ ವ್ಯವಸ್ಥೆ. ಅದು ಚಿತ್ರದ ಅಂಚನ್ನು ಕತ್ತರಿಸಿ ತನಗೆ ಬೇಕಾದಂತೆ ಜರುಗಿಸುತ್ತಾ ಇರುತ್ತದೆ, ಟ್ರೈಪಾಡ್ ಮೇಲಿದ್ದರೂ ಬಿಡುವುದಿಲ್ಲ. ಅದನ್ನು ಆಫ್ ಮಾಡಿ. ಮ್ಯಾನುಯಲ್ ಮೋಡ್‌ನಲ್ಲಿ ಐಎಸ್‌ಒ 100, ಶಟರ್ 1/50, ವೈಟ್ ಬ್ಯಾಲೆನ್ಸ್ 5500, ಫೋಕಸ್ ಒಂದೇ ಕಡೆ ಬೀಗ ಹಾಕಿದ ಹಾಗೆ. ಬಿಸಿಲಿಗೆ 1/50 ಜಾಸ್ತಿಯಾದರೆ ಎನ್‌ಡಿ ಫಿಲ್ಟರ್ (ಬೆಳಕು ಕಡಿಮೆ ಮಾಡುವ ಬೂದು ಗಾಜು) ಹಾಕಿ, ಶಟರ್ ಮುಟ್ಟಬೇಡಿ. ಟ್ರೈಪಾಡಿನ ನಡುಗೊಕ್ಕೆಗೆ ಐದು ಕಿಲೋ ಮರಳಿನ ಚೀಲ ನೇತುಹಾಕಿ, ಕಾಲುಗಳ ಸುತ್ತ ಸೀಮೆಸುಣ್ಣದ ಗುರುತು ಹಾಕಿ. ಒಂದೇ ಉದ್ದದ ರೆಕಾರ್ಡಿಂಗ್ ಇರಲಿ, ನಡುವಿನ ಬೇಡದ ಭಾಗ ಎಡಿಟಿಂಗ್‌ನಲ್ಲಿ ಎಸೆಯಿರಿ.

ಇದರಿಂದ ಮೆಲಿಯೆಸ್‌ಗೆ ದ್ರೋಹ ಮಾಡಿದಂತಾಯಿತು ಅಂದುಕೊಳ್ಳಬೇಡಿ. 'ಕ್ಯಾಮೆರಾ ನಿಲ್ಲಿಸಿ ಆಳು ಬದಲಾಯಿಸಿದರೆ ಆಯಿತು' ಅಂತ ಎಲ್ಲೆಡೆ ಬರೆದಿರುತ್ತಾರೆ, ಅದು ಅರ್ಧ ಸತ್ಯ. ಆಗಿನ ಕ್ಯಾಮೆರಾದಲ್ಲಿ ಹಿಡಿಯ ಒಂದು ಸುತ್ತಿಗೆ 8 ಫ್ರೇಮ್, ಸೆಕೆಂಡಿಗೆ ಎರಡು ಸುತ್ತು, ಒಟ್ಟು 16. ಕೈ ನಿಧಾನವಾಗಿ ನಿಲ್ಲುವಾಗ ಕೊನೆಯ ಕೆಲವು ಫ್ರೇಮ್‌ಗಳಿಗೆ ಹೆಚ್ಚು ಹೊತ್ತು ಬೆಳಕು ಬಿದ್ದು ಬೆಳ್ಳಗಾಗುತ್ತವೆ. ಮತ್ತೆ ತಿರುಗಿಸಲು ಶುರು ಮಾಡುವಾಗಲೂ ಅದೇ ಗತಿ. ಆ ಫ್ರೇಮ್‌ಗಳನ್ನು ಕತ್ತರಿಸಿ ತೆಗೆದು ಫಿಲ್ಮ್ ಅಂಟಿಸಲೇಬೇಕಿತ್ತು. ಜಾದೂ ಆಗುತ್ತಿದ್ದದ್ದು ಕತ್ತರಿ ಮತ್ತು ಅಂಟಿನಲ್ಲಿ. ಪ್ಯಾರಿಸ್ಸಿನ ರಸ್ತೆಯಲ್ಲಿ ಕ್ಯಾಮೆರಾ ಸಿಕ್ಕಿಕೊಂಡು ಬಸ್ಸು ಹೆಣದ ಗಾಡಿಯಾಯಿತು ಎಂಬ ಕಥೆಯನ್ನು ಆತನೇ ಹೇಳಿಕೊಂಡದ್ದು. ಅದಕ್ಕೂ ಮೊದಲು, 1895ರಲ್ಲೇ, ಎಡಿಸನ್ ಕಂಪನಿಯವರು ಸ್ಕಾಟ್ಲೆಂಡಿನ ರಾಣಿ ಮೇರಿಯ ತಲೆ ಕಡಿಯುವ ದೃಶ್ಯವನ್ನು ನಟನ ಜಾಗದಲ್ಲಿ ಬೊಂಬೆ ಇಟ್ಟು ಇದೇ ಉಪಾಯದಿಂದ ತೆಗೆದಿದ್ದರು.

ಇನ್ನು ನಿಮ್ಮ ಹೆಂಗಸಿನ ಟ್ರಿಕ್. ಅದು ಮೂಲದಲ್ಲಿ ಫ್ರೆಂಚ್ ಜಾದೂಗಾರ ಬುವಾತಿಯೆ ದ ಕೋಲ್ಟನ 1886ರ ರಂಗದ ಜಾದೂ. ನೆಲಕ್ಕೆ ಪತ್ರಿಕೆ ಹಾಸಿ, ಅದರ ಮೇಲೆ ಕುರ್ಚಿ ಇಟ್ಟು, ಕೆಳಗೆ ಕಳ್ಳಬಾಗಿಲು ಇಲ್ಲ ಅಂತ ತೋರಿಸಿ, ಕಳ್ಳಬಾಗಿಲಿನಲ್ಲೇ ಇಳಿಸುತ್ತಿದ್ದರು. ಬಟ್ಟೆಯ ಕೆಳಗೆ ತಂತಿಯ ಚೌಕಟ್ಟು ತಲೆ-ಭುಜದ ಆಕಾರ ಹಿಡಿದಿರುತ್ತಿತ್ತು. ಮೆಲಿಯೆಸ್ 1896ರಲ್ಲಿ ಅದನ್ನು ಚಿತ್ರ ಮಾಡಿದಾಗ ಕಳ್ಳಬಾಗಿಲು ಬೇಕಿರಲಿಲ್ಲ, ಆದರೂ ಪತ್ರಿಕೆ ಹಾಸಿದ್ದಾನೆ. ನೀವೂ ಹಾಸಿ. ನೋಡುವವರ ಕಣ್ಣು ನೆಲಕ್ಕೆ ಹೋದರೆ ಕಟ್ ಮೇಲೆ ಬೀಳುವುದಿಲ್ಲ.

ಇಲ್ಲಿ ಕಷ್ಟದ ಕೆಲಸ ಮಾಯವಾಗುವವಳದ್ದಲ್ಲ, ಉಳಿಯುವವನದ್ದು. ಜಾದೂಗಾರ ಬಟ್ಟೆ ಹಿಡಿದು ಅಲ್ಲಾಡದೆ ನಿಲ್ಲಬೇಕು, ಅವಳು ಬಟ್ಟೆಯ ಹಿಂದಿನಿಂದ ಸರಿದು ಹೋಗಬೇಕು. ಹೆಚ್ಚೆಂದರೆ 15 ಸೆಕೆಂಡು, ಅಷ್ಟಕ್ಕೇ ತೋಳು ಇಳಿಯಲು ಶುರುವಾಗುತ್ತದೆ. ಫೋನನ್ನು ಲ್ಯಾಪ್‌ಟಾಪಿಗೆ ಜೋಡಿಸಿ, ಪರದೆ ಮೇಲೆ ಓಎಚ್‌ಪಿ ಶೀಟ್ (ಪಾರದರ್ಶಕ ಹಾಳೆ) ಅಂಟಿಸಿ, ಆತನ ಮೊಣಕೈ, ಮೂಗು, ಬಟ್ಟೆಯ ಮೇಲಂಚು ಈ ಮೂರರ ಗೆರೆ ಮಾರ್ಕರಿನಲ್ಲಿ ಎಳೆಯಿರಿ. ಒಬ್ಬರು ಪರದೆ ನೋಡುತ್ತಾ 'ಕೈ ಎರಡು ಬೆರಳು ಮೇಲೆ' ಅಂತ ಹೇಳುತ್ತಿರಲಿ.

ಬಟ್ಟೆಯ ನೆರಿಗೆ ಏನು ಮಾಡಿದರೂ ಹೊಂದುವುದಿಲ್ಲ. ಹಾಗಾಗಿ ನಿಲ್ಲುವ ಮೊದಲು ಬಟ್ಟೆಯನ್ನು ಒಂದು ಸಲ ಒದರಲಿ, ಮತ್ತೆ ಶುರು ಮಾಡುವಾಗಲೂ ಒದರಿಯೇ ಶುರು ಮಾಡಲಿ. ಒದರುವ ನಡುವೆ, ಬಟ್ಟೆ ಅತಿ ಅಗಲ ಆದ ಫ್ರೇಮಿನಲ್ಲಿ ಕತ್ತರಿಸಿ. ನಿಂತ ಚಿತ್ರದಿಂದ ನಿಂತ ಚಿತ್ರಕ್ಕೆ ಕತ್ತರಿಸಿದರೆ ಎಂಥ ದಡ್ಡನಿಗೂ ಗೊತ್ತಾಗುತ್ತದೆ.

ಮಂಟಪದಲೈಟು

ಕಪ್ಪಿನ ವಿಚಾರ. ನೀವು ಬಳಸಿದ್ದು ಕಾಟನ್ ಬಟ್ಟೆ ಇರಬೇಕು. ಮಖಮಲ್ಲೇ ಬೇಕು, ಅದೂ ಕೂದಲಿನ ದಿಕ್ಕು ಮೇಲ್ಮುಖವಾಗಿ ಬರುವಂತೆ ಕಟ್ಟಬೇಕು. ಕೈಯಿಂದ ಕೆಳಗೆ ಸವರಿದರೆ ಒರಟಾಗಬೇಕು, ಆಗ ಸರಿ. ತಿರುವುಮುರುವು ಕಟ್ಟಿದರೆ ಅದೇ ಬಟ್ಟೆ ಮಿರುಗುತ್ತದೆ.

ಆದರೆ ಬಯಲು ಕಣದಲ್ಲಿ ಯಾವ ಮಖಮಲ್ಲೂ ಕಪ್ಪಾಗುವುದಿಲ್ಲ ಮಾರಾಯ್ರೇ. ಆಕಾಶವೆಲ್ಲ ಬೆಳಕು, ಸಿಮೆಂಟ್ ನೆಲ ಕೆಳಗಿನಿಂದ ಎತ್ತಿ ಎರಚುತ್ತದೆ. ಬಟ್ಟೆಗಿಂತ ಕಪ್ಪಾದದ್ದು ಒಂದುಂಟು, ಗೋದಾಮಿನ ಬಾಗಿಲು. ಒಳಗಿನ ಕಿಟಕಿಗಳಿಗೆ ಗೋಣಿ ತುರುಕಿ, ಬಾಗಿಲು ಪೂರ್ತಿ ತೆರೆದು, ಹತ್ತಡಿ ಒಳಗೆ ಮಖಮಲ್ ಕಟ್ಟಿ. ಆಳನ್ನು ಹೊರಗೆ ಬೆಳಕಲ್ಲಿ ನಿಲ್ಲಿಸಿ, ಅವನ ಮುಖಕ್ಕೆ ಎಕ್ಸ್‌ಪೋಶರ್ ಕೊಟ್ಟರೆ ಬಾಗಿಲು ಬಾವಿಯ ಹಾಗೆ ಕಪ್ಪಾಗುತ್ತದೆ. ಹೊಸ್ತಿಲ ಮುಂದೆ ಕಣದ ಮೇಲೆ ಎರಡು ಕಪ್ಪು ಟಾರ್ಪಾಲು ಹಾಸಿ, ಇಲ್ಲದಿದ್ದರೆ ನೆಲದ ಬೆಳಕು ಒಳಗೆ ಹೋಗುತ್ತದೆ.

ರಾತ್ರಿ ಲೈಟ್ ಹಾಕಿ ತೆಗೆಯುವುದಾದರೆ ಲೆಕ್ಕ ಸುಲಭ. ಲೈಟು ಆಳಿನಿಂದ 1 ಮೀಟರ್, ಪರದೆ ಲೈಟಿನಿಂದ 4 ಮೀಟರ್ ಇದ್ದರೆ ಪರದೆಗೆ ಬೀಳುವುದು ಹದಿನಾರನೇ ಒಂದು ಪಾಲು. ಲೈಟನ್ನು ಪಕ್ಕದಿಂದ ಕೊಟ್ಟು ತಗಡಿನ ರೆಪ್ಪೆ ಕಟ್ಟಿದರೆ ಅದೂ ಇಲ್ಲ. ದಸರಾ ಮಂಟಪದಲ್ಲಿ ಮೂರ್ತಿ ಎತ್ತುವ ಕಬ್ಬಿಣದ ತೋಳನ್ನು ಅಡಗಿಸಬೇಕಾದರೆ ಮಾಡುವುದೂ ಇದೇ: ತೋಳಿಗೆ ಹೊಳಪಿಲ್ಲದ ಕಪ್ಪು, ಬೆಳಕು ಮೂರ್ತಿಗೆ ಮಾತ್ರ. ರಂಗದ ಜಾದೂಗಾರರು 1880ರ ದಶಕದಿಂದಲೇ ಇದನ್ನು ಬ್ಲ್ಯಾಕ್ ಆರ್ಟ್ ಅಂತ ನಡೆಸಿದರು. ಜರ್ಮನಿಯ ಮ್ಯಾಕ್ಸ್ ಔಟ್ಸಿಂಗರ್ 'ಬೆನ್ ಅಲಿ ಬೇ' ಹೆಸರಲ್ಲಿ ಆಡುತ್ತಿದ್ದ ಆಟ ಪೂರ್ತಿ ಕಪ್ಪು ಮಖಮಲ್ಲಿನ ಮೇಲೆಯೇ ನಿಂತಿತ್ತು.

ಎದೆಯೊಳಗೆ ಮೇಜು ಕಾಣುವುದಕ್ಕೂ ಮದ್ದು ಇದೇ. ಫಿಲ್ಮಿನ ಮೇಲೆ ಎರಡನೇ ಸಲ ಬೆಳಕು ಬಿದ್ದರೆ ಮೊದಲಿನದಕ್ಕೆ ಸೇರುತ್ತದೆ ಅಷ್ಟೆ, ಮೊದಲಿನದನ್ನು ಅಳಿಸುವುದಿಲ್ಲ. ಮೇಜು ಬೆಳ್ಳಗಿದ್ದರೆ ಎದೆ ಮೂಡಿದರೂ ಮೇಜು ಉಳಿಯುತ್ತದೆ. ಆದ್ದರಿಂದ ಮೊದಲ ಶಾಟ್‌ನಲ್ಲೇ, ಎರಡನೆಯವನು ಬರುವ ಜಾಗವನ್ನು ಕಪ್ಪಾಗಿ ಬಿಡಬೇಕು. ಕಮಾನು, ತೆರೆದ ಬಾಗಿಲು, ಚಿತ್ರಪಟದ ಚೌಕಟ್ಟು, ಏನಾದರೂ ನೆಪ. ಮೆಲಿಯೆಸ್ಸನ ಸೆಟ್‌ಗಳಲ್ಲಿ ನಡುವೆ ಕಾರಣವಿಲ್ಲದೆ ಒಂದು ಕಪ್ಪು ಕಮಾನು ಕಂಡರೆ, ಇನ್ನು ಸ್ವಲ್ಪ ಹೊತ್ತಿಗೆ ಅಲ್ಲಿ ಏನೋ ಮೂಡಲಿದೆ ಅಂತಲೇ ಅರ್ಥ. ಎಡಿಟಿಂಗ್‌ನಲ್ಲಿ ಮೇಲಿನ ಕ್ಲಿಪ್‌ಗೆ 'ಸ್ಕ್ರೀನ್' ಮೋಡ್ (ಎರಡು ಚಿತ್ರಗಳ ಬೆಳಕನ್ನು ಸೇರಿಸುವ ವಿಧಾನ) ಕೊಡಿ, ಫಿಲ್ಮಿನ ಗುಣ ಅದಕ್ಕೇ ಹತ್ತಿರ.

ತೋಟದಮನೆ_ಮಡಿಕೇರಿ

ಗೋದಾಮಿನ ಬಾಗಿಲು ಹೊಳೆದೇ ಇರಲಿಲ್ಲ, ಧನ್ಯವಾದ ಅಣ್ಣ. ಬಾಗಿಲು 4 ಅಡಿ ಅಗಲ, 8 ಅಡಿ ಎತ್ತರ. ಎರಡು ಪ್ರಶ್ನೆ. ಜಾದೂಗಾರನಿಗೆ ಕುಪ್ಯ ಚೇಲೆ (ಕೊಡವರ ಉದ್ದಂಗಿ, ಸೊಂಟದ ರೇಷ್ಮೆ ಪಟ್ಟಿ) ಹಾಕಿಸಬಹುದಾ? ಊದುವ ತಲೆಗೆ ಕ್ಯಾಮೆರಾವನ್ನೇ ಮುಂದೆ ತಂದರೆ ಸಾಲದಾ?

ಮಂಟಪದಲೈಟು

ಕಪ್ಪು ಕುಪ್ಯ ಹಾಕಿ ಆ ಬಾಗಿಲ ಮುಂದೆ ನಿಲ್ಲಿಸಿದರೆ ತಲೆ, ಎರಡು ಕೈ, ಪೀಚೆಕತ್ತಿಯ (ಸೊಂಟದ ಕಠಾರಿ) ಬೆಳ್ಳಿ ಇಷ್ಟೇ ಗಾಳಿಯಲ್ಲಿ ತೇಲುತ್ತವೆ. ಬೇಕಾಗಿಯೇ ಮಾಡಿದರೆ ಚೆಂದದ ಟ್ರಿಕ್, ಬೇಡದಿದ್ದರೆ ಬಿಳಿ ಕುಪ್ಯ ಹಾಕಿಸಿ.

ಇನ್ನೊಂದು, ಆ ಕಾಲದ ಫಿಲ್ಮಿಗೆ ಕೆಂಪು ಕಾಣುತ್ತಿರಲಿಲ್ಲ. ಕೆಂಪು ಅಂದರೆ ಕಪ್ಪು, ನೀಲಿ ಅಂದರೆ ಬಿಳಿ. ಆ ನೋಟ ಬೇಕಿದ್ದರೆ ಕಪ್ಪು-ಬಿಳುಪು ಮಾಡುವಾಗ ಕೆಂಪು ಚಾನೆಲ್ ಸೊನ್ನೆಗೆ ಇಳಿಸಿ, ನೀಲಿ ಮುಕ್ಕಾಲು, ಹಸಿರು ಕಾಲು ಇಡಿ. ಆಗ ಚೇಲೆಯ ಕೆಂಪು ರೇಷ್ಮೆ, ಕುಂಕುಮ, ತುಟಿ, ಹೆಂಚು, ನಮ್ಮ ಕೆಂಪು ಮಣ್ಣು ಎಲ್ಲ ಕಪ್ಪು ಕಪ್ಪು. ಮುಖವೂ ಒಂದು ಪಟ್ಟು ಕಪ್ಪಾಗುತ್ತದೆ, ಮೊಡವೆ ಕಲೆ ಎದ್ದು ಕಾಣುತ್ತದೆ. ಅದಕ್ಕೇ ಅವರು ಮುಖಕ್ಕೆ ಅಷ್ಟು ಬಿಳಿ ಬಳಿಯುತ್ತಿದ್ದದ್ದು, ಸೆಟ್ಟುಗಳನ್ನು ಬೂದು ಬಣ್ಣದ ಛಾಯೆಗಳಲ್ಲೇ ಬರೆಯುತ್ತಿದ್ದದ್ದು. ಬಟ್ಟೆ ಆರಿಸುವ ಮೊದಲು ಎಲ್ಲವನ್ನೂ ಒಂದು ಸಲ ಈ ಸೆಟ್ಟಿಂಗಿನಲ್ಲಿ ಫೋಟೋ ತೆಗೆದು ನೋಡಿ.

ಬೆಳಕಿಂಡಿ

ಕ್ಯಾಮೆರಾ ಮುಂದೆ ತಂದರೆ ಆಗಬಹುದು, ಆದರೆ ಕ್ಯಾಮೆರಾ ಒಂದು ಚೂರು ನಡುಗಿದರೂ ತಲೆ ಮೇಜಿನ ಮೇಲೆ ಕುಣಿಯುತ್ತದೆ, ಇಡೀ ಚಿತ್ರ ಹೊಂದಿಸಲಾಗದು. 1901ರ ರಬ್ಬರ್ ತಲೆಯ ಚಿತ್ರದಲ್ಲಿ ಮೆಲಿಯೆಸ್ ಕ್ಯಾಮೆರಾ ಕದಲಿಸಲಿಲ್ಲ. ತಾನೇ ಗಾಲಿ ಕುರ್ಚಿಯಲ್ಲಿ ಕೂತು, ಇಳಿಜಾರು ಹಲಗೆಯ ಮೇಲೆ ಕ್ಯಾಮೆರಾದತ್ತ ಎಳೆಸಿಕೊಂಡ. ಹಲಗೆ ಸಮತಟ್ಟು ಯಾಕಲ್ಲ ಅನ್ನುವುದೇ ಇಲ್ಲಿನ ಗುಟ್ಟು.

ತಲೆ ದೊಡ್ಡದಾದರೂ ಕುತ್ತಿಗೆ ಮೇಜಿನ ಗೆರೆಯ ಮೇಲೇ ಕೂತಿರಬೇಕು. ಹಾಗಾಗಬೇಕಾದರೆ ಲೆನ್ಸಿನಿಂದ ಕುತ್ತಿಗೆಗೆ ಎಳೆದ ನೇರ ಗೆರೆಯ ಮೇಲೆಯೇ ಕುತ್ತಿಗೆ ಸರಿಯಬೇಕು. ಲೆನ್ಸ್ ಎತ್ತರ 1.4 ಮೀಟರ್ ಇಡಿ. 4 ಮೀಟರ್ ದೂರದಲ್ಲಿ ಕುತ್ತಿಗೆ 1 ಮೀಟರ್ ಎತ್ತರದಲ್ಲಿದ್ದರೆ, ಗೆರೆ ಹತ್ತಕ್ಕೆ ಒಂದರಂತೆ ಇಳಿಯುತ್ತದೆ. 1 ಮೀಟರ್ ದೂರಕ್ಕೆ ಬಂದಾಗ ಕುತ್ತಿಗೆ 1.3 ಮೀಟರಿನಲ್ಲಿರಬೇಕು. ಅಂದರೆ 3 ಮೀಟರ್ ಉದ್ದದ ಹಲಗೆ, ಕ್ಯಾಮೆರಾ ಕಡೆಯ ತುದಿ 30 ಸೆಂ.ಮೀ. ಎತ್ತರ. ತಲೆ ನಾಲ್ಕು ಪಟ್ಟಾಗುತ್ತದೆ.

18 ಮಿ.ಮೀ. ಪ್ಲೈವುಡ್ಡಿನ ಎರಡು ಪಟ್ಟಿ, ಕೆಳಗೆ ಅಡಿಗೊಂದು ಆಧಾರ ಕೊಡಿ. ನಡುವೆ ಬಾಗಿದರೆ ಅಲ್ಲಿ ಕುತ್ತಿಗೆ ಮೇಜಿನೊಳಗೆ ಮುಳುಗುತ್ತದೆ. ಗಿಡ್ಡ ಸ್ಟೂಲ್ ಬಳಸಿ, ಗಾಲಿ ಹಲಗೆ ಸೇರಿ ಕೂರುವ ಎತ್ತರ 38 ಸೆಂ.ಮೀ. ಆಸುಪಾಸು ಬರಲಿ, ಕುತ್ತಿಗೆ ಸರಿಯಾಗಿ 1 ಮೀಟರಿಗೆ ಬರುವವರೆಗೆ ಮಣೆ ಸೇರಿಸಿ. ಇಳಿಜಾರಿನಲ್ಲಿ ಆಳು ಹಿಂದಕ್ಕೆ ವಾಲುತ್ತಾನೆ, ಸ್ಟೂಲಿನ ಹಿಂದಿನ ಕಾಲುಗಳಿಗೆ 4 ಸೆಂ.ಮೀ. ತುಂಡು ಕೊಟ್ಟರೆ ನೆಟ್ಟಗಾಗುತ್ತಾನೆ. ಸ್ಟೂಲನ್ನು ಗಾಲಿ ಹಲಗೆಗೆ ಮೊಳೆ ಹೊಡೆದು ಬಿಗಿಯಿರಿ, ಹಿಂದಿನಿಂದ ಇನ್ನೊಂದು ಹಗ್ಗ ಹಿಡಿದು ಒಬ್ಬರು ನಿಲ್ಲಲೇಬೇಕು. ಮೇಲಿನ ತುದಿಯಲ್ಲಿ ತಡೆಗಟ್ಟೆ ಇಲ್ಲದಿದ್ದರೆ ಆಳು, ಸ್ಟೂಲು, ಕ್ಯಾಮೆರಾ ಮೂರೂ ಒಂದೇ ರಾಶಿ.

ಎಲ್ಲರೂ ತಪ್ಪುವುದು ಎಳೆಯುವ ವೇಗದಲ್ಲಿ. ಒಂದೇ ವೇಗದಲ್ಲಿ ಎಳೆದರೆ ಮೊದಲು ಏನೂ ಆಗದಂತಿದ್ದು ಕೊನೆಯ ಮೀಟರಿನಲ್ಲಿ ತಲೆ ಒಮ್ಮೆಲೇ ಸಿಡಿದಂತಾಗುತ್ತದೆ, ಯಾಕೆಂದರೆ 4ರಿಂದ 2 ಮೀಟರಿಗೆ ಬಂದಾಗ ಎಷ್ಟು ಪಟ್ಟು ಬೆಳೆಯಿತೋ 2ರಿಂದ 1ಕ್ಕೂ ಅಷ್ಟೇ ಪಟ್ಟು. ಹಲಗೆ ಮೇಲೆ ಲೆನ್ಸಿನಿಂದ 4, 2.8, 2, 1.4, 1 ಮೀಟರಿಗೆ ಸುಣ್ಣದ ಗುರುತು ಹಾಕಿ, ಪ್ರತಿ ಗುರುತಿನ ನಡುವೆ ಎರಡೆಣಿಕೆ. ಎಳೆಯುವವನಿಗೆ ಕೊನೆಗೆ ತೀರಾ ನಿಧಾನ ಅನ್ನಿಸುತ್ತದೆ, ಪರದೆ ಮೇಲೆ ಸಮನಾಗಿ ಊದುತ್ತದೆ.

ಫೋಕಸ್‌ಗೆ 28 ಮಿ.ಮೀ., ಲೆನ್ಸಿನ ಕಿಂಡಿ ಎಫ್16, 1.6 ಮೀಟರಿಗೆ ನಿಲ್ಲಿಸಿ, 1ರಿಂದ 4 ಮೀಟರ್ ಪೂರ್ತಿ ಹಿಡಿಯುತ್ತದೆ. ಎಫ್11ಕ್ಕೆ ಹಿಡಿಯುವುದಿಲ್ಲ. ಲೈಟನ್ನು ಕ್ಯಾಮೆರಾ ಪಕ್ಕ ಇಡಬೇಡಿ, ಹತ್ತಿರ ಬಂದಂತೆ ಮುಖ ಹದಿನಾರು ಪಟ್ಟು ಬೆಳ್ಳಗಾಗುತ್ತದೆ. ಮೋಡದ ಹಗಲು ಬೆಳಕೇ ಸರಿ, ಎಲ್ಲೆಡೆ ಒಂದೇ ಸಮ.

ಹಲಗೆ, ಹಗ್ಗ, ದೇಹ ಚಿತ್ರದಲ್ಲಿ ಕಾಣುತ್ತವಲ್ಲ ಅಂತ ಕೇಳಬೇಡಿ. ಕುತ್ತಿಗೆಯ ಗೆರೆ ಕದಲುವುದಿಲ್ಲವಾದ್ದರಿಂದ ಅದರ ಕೆಳಗೆ ಎಲ್ಲವನ್ನೂ ಒಂದು ನೇರ ಗೆರೆಯಲ್ಲಿ ಕಪ್ಪು ಮಾಡಬಹುದು. ಇಳಿಜಾರಿನ ಎರಡನೇ ಲಾಭ ಅದೇ. ಪಕ್ಕಗಳನ್ನೂ ಹಾಗೇ ಮುಚ್ಚಿ. ತಲೆಯ ಹಿಂದೆ ಮಾತ್ರ ನಿಜವಾದ ಕಪ್ಪು ಬೇಕು, ಬಾಗಿಲು ಕ್ಯಾಮೆರಾದಿಂದ 6 ಮೀಟರ್ ದೂರ ಇದ್ದರೆ ನಿಮ್ಮ 4 ಅಡಿ ಅಗಲ ಸಾಕು.

ಗಾಜಿನಗೌಡ

ದೆವ್ವಕ್ಕೆ ಎರಡು ಶಾಟ್ ಯಾಕೆ? ಗಾಜು ಇಡಿ, ಒಂದೇ ಶಾಟ್‌ನಲ್ಲಿ ಮುಗಿಯುತ್ತದೆ. ಬೆಳಕು ಹೊಂದಿಸುವ ತಲೆಬಿಸಿಯೇ ಇಲ್ಲ, ದೆವ್ವವೂ ಬದುಕಿರುವವನೂ ಒಬ್ಬರನ್ನೊಬ್ಬರು ನೋಡಿಕೊಂಡೇ ಆಡಬಹುದು.

ಇದು ಪೆಪ್ಪರನ ದೆವ್ವ. ಉಪಾಯ ಹೆನ್ರಿ ಡರ್ಕ್ಸ್‌ನದು, 1862ರ ಡಿಸೆಂಬರ್‌ನಲ್ಲಿ ಲಂಡನ್ನಿನ ರಾಯಲ್ ಪಾಲಿಟೆಕ್ನಿಕ್‌ನಲ್ಲಿ ಆಡಿಸಿ ಹೆಸರು ಮಾಡಿದವನು ಪೆಪ್ಪರ್. ರಂಗಕ್ಕಾದರೆ ಆಳೆತ್ತರದ ಗಾಜು ಬೇಕು. ಸಿನಿಮಾಕ್ಕೆ ನೋಡುವ ಕಣ್ಣು ಒಂದೇ, ಅದರ ಹತ್ತಿರ ಇಟ್ಟರೆ ಸಣ್ಣದು ಸಾಕು. 4 ಮಿ.ಮೀ. ಗಾಜು, 24 ಇಂಚು ಅಗಲ, 14 ಇಂಚು ಎತ್ತರ, ಅಂಚು ಉಜ್ಜಿಸಿದ್ದು. ಲೆನ್ಸ್ 35 ಮಿ.ಮೀ., ಅದರಿಂದ ಒಂದಡಿ ಮುಂದೆ ಗಾಜಿನ ನಡುಭಾಗ, 45 ಡಿಗ್ರಿ ಓರೆ. ಗಾಜಿನಾಚೆ ನೇರಕ್ಕೆ ಸೆಟ್, ಪಕ್ಕಕ್ಕೆ ಲಂಬವಾಗಿ ಮಖಮಲ್ ಕಟ್ಟಿದ ಕತ್ತಲ ಗೂಡು, ದೆವ್ವ ಅದರೊಳಗೆ. ದೆವ್ವ ಸೆಟ್ಟಿನಲ್ಲಿ ಗಾಜಿನಿಂದ 4 ಮೀಟರ್ ದೂರ ನಿಂತಂತೆ ಕಾಣಬೇಕಾದರೆ ಗೂಡಿನಲ್ಲೂ ಗಾಜಿನಿಂದ 4 ಮೀಟರೇ. ಕಡಿಮೆ ಮಾಡಿದರೆ ದೆವ್ವ ದೈತ್ಯನಾಗಿ, ಫೋಕಸ್ಸೂ ತಪ್ಪುತ್ತದೆ.

ಗಾಜು ಈ ಓರೆಯಲ್ಲಿ ನೂರಕ್ಕೆ ಹತ್ತರಷ್ಟು ಬೆಳಕನ್ನು ಮಾತ್ರ ತಿರುಗಿಸುತ್ತದೆ. ಆದ್ದರಿಂದ ದೆವ್ವಕ್ಕೆ ಸೆಟ್ಟಿನ ಹತ್ತು ಪಟ್ಟು ಬೆಳಕು ಕೊಟ್ಟರೂ ಸೆಟ್ಟಿನ ಜೊತೆ ಸಮ ಆಗುತ್ತದಷ್ಟೆ. ಮಬ್ಬು ದೆವ್ವ ಬೇಕೆಂದರೆ ನಾಲ್ಕೈದು ಪಟ್ಟು ಸಾಕು. ಹಗಲಲ್ಲಿ ಆಗುವ ಮಾತಲ್ಲ, ರಾತ್ರಿ ಬಂಗಲೆಯ ಒಳಗೆ ಮಾಡಿ. ದೆವ್ವ ಮೂಡಿ ಮಾಯವಾಗುವುದು ಡಿಮ್ಮರಿನಿಂದ. ಎಲ್‌ಇಡಿಯನ್ನು ಫ್ಯಾನಿನ ರೆಗ್ಯುಲೇಟರಿಗೆ ಕೊಟ್ಟರೆ ಮಿಣುಕುತ್ತದೆ, ಹ್ಯಾಲೋಜನ್ ಬಲ್ಬನ್ನು ಅದರ ವಾಟಿಗೆ ತಕ್ಕ ಡಿಮ್ಮರಿಗೆ ಕೊಡಿ.

ಗಾಜಿಗೆ ಎರಡು ಮೈ, ಹಾಗಾಗಿ ಎರಡು ಬಿಂಬ, ಸುಮಾರು 3 ಮಿ.ಮೀ. ಜರುಗಿರುತ್ತದೆ. 4 ಮೀಟರ್ ದೂರದ ಆಳಿಗೆ ಅದು ಲೆಕ್ಕಕ್ಕಿಲ್ಲ. ಆಳಿನ ಬದಲು ಗೇಣುದ್ದ ಬೊಂಬೆ ಹತ್ತಿರ ಇಟ್ಟರೆ ಗೆರೆಗಳೆಲ್ಲ ಜೋಡಿ ಕಾಣುತ್ತವೆ. ಎಡ-ಬಲ ತಿರುಗುತ್ತದೆ: ದೆವ್ವ ಬಲಗೈ ಎತ್ತಿದರೆ ಪರದೆಯಲ್ಲಿ ಎಡಗೈ, ಅಂಗಿಯ ಗುಂಡಿಯೂ ಉಲ್ಟಾ.

ನಮ್ಮ ಕಡೆಯ ವಿಶೇಷ ತೊಂದರೆ ಇಬ್ಬನಿ. ಸಂಜೆ ಏಳು ದಾಟಿದ ಮೇಲೆ ತಣ್ಣನೆ ಗಾಜಿಗೆ ಎಲ್ಲರ ಉಸಿರು ತಾಗಿ ಮಂಜು ಕಟ್ಟುತ್ತದೆ. ಪಾತ್ರೆ ತೊಳೆಯುವ ಸೋಪಿನ ಒಂದು ಹನಿ ಸವರಿ, ಗೆರೆ ಉಳಿಯದ ಹಾಗೆ ಒಣ ಮಲ್ ಬಟ್ಟೆಯಲ್ಲಿ ಒರೆಸಿ. ಗಾಜಿನ ಮೇಲೆ ಒಂದು ಬೆರಳಚ್ಚು ಇದ್ದರೂ ದೆವ್ವದ ಬೆಳಕು ಅದನ್ನು ಎತ್ತಿ ತೋರಿಸುತ್ತದೆ.

ಏಲಕ್ಕಿಮಲೆ

ಇಷ್ಟೆಲ್ಲ ಯಾಕೆ, ಫೋನಿನಲ್ಲಿ ಆ್ಯಪ್ ಉಂಟಲ್ಲ, ಒಂದು ಒತ್ತು ಒತ್ತಿದರೆ ಮಾಯ.

ಬೆಳಕಿಂಡಿ

ಗ್ರಾಫಿಕ್ಸ್ ಬೇಡ ಅಂತ ಮೊದಲ ಸಾಲಿನಲ್ಲೇ ಬರೆದಿದ್ದಾರೆ ಅಣ್ಣ.

ಹೂಮಳೆ

ಎಲ್ಲರೂ ಮೆಲಿಯೆಸ್ ಹಿಂದೆ ಬಿದ್ದಿದ್ದೀರಿ, ದಾದಾಸಾಹೇಬ್ ಫಾಲ್ಕೆ ಇಲ್ಲೇ ಇದ್ದರಲ್ಲ. 'ಪ್ರೊಫೆಸರ್ ಕೆಲ್ಫಾ' ಅಂತ ತಮ್ಮ ಹೆಸರನ್ನೇ ತಿರುಗಿಸಿಟ್ಟುಕೊಂಡು ಜಾದೂ ಆಡಿದ ಮನುಷ್ಯ. 1917ರ ಲಂಕಾದಹನದಲ್ಲಿ ಸಾಳುಂಕೆ ಒಬ್ಬರೇ ರಾಮನೂ ಸೀತೆಯೂ. ರಾಜಾ ಹರಿಶ್ಚಂದ್ರಕ್ಕೆ ಮೊದಲು ಬಟಾಣಿ ಬಳ್ಳಿ ಮೊಳೆತು ಬೆಳೆಯುವುದನ್ನು ಒಂದೊಂದೇ ಫ್ರೇಮ್ ತೆಗೆದು ಚಿತ್ರ ಮಾಡಿ, ಅದನ್ನು ತೋರಿಸಿಯೇ ಹಣ ಹುಟ್ಟಿಸಿದರು. ನಿಮ್ಮ ಮುಂದಿನ ಚಿತ್ರಕ್ಕೆ ಒಂದು ಸೂಚನೆ: ಹೂಮಳೆ ಬಿದ್ದು ಎಂಟು-ಹತ್ತು ದಿನಕ್ಕೆ ಕಾಫಿ ಹೂವು ಅರಳುತ್ತದೆ. ಒಂದು ರೆಂಬೆಯನ್ನು ಅರಳುವ ಮುನ್ನಾದಿನದಿಂದ ಹತ್ತು ನಿಮಿಷಕ್ಕೊಂದರಂತೆ 60 ಗಂಟೆ ತೆಗೆದರೆ 360 ಫ್ರೇಮ್, 16ರ ವೇಗದಲ್ಲಿ ಇಪ್ಪತ್ತೆರಡೂವರೆ ಸೆಕೆಂಡು. ರೆಂಬೆಯನ್ನು ಗೂಟಕ್ಕೆ ಕಟ್ಟದಿದ್ದರೆ ಗಾಳಿಗೆ ಕುಣಿದು ಏನೂ ಕಾಣುವುದಿಲ್ಲ. ರಾತ್ರಿಯೂ ಹಗಲೂ ಒಂದೇ ಬಲ್ಬಿನ ಬೆಳಕಾಗಬೇಕು, ಸುತ್ತ ಗೂಡು ಕಟ್ಟಿಕೊಳ್ಳಿ.

ತೋಟದಮನೆ_ಮಡಿಕೇರಿ

ಬರೆದುಕೊಂಡೆ ಅಕ್ಕ, ಮಾರ್ಚ್‌ಗೆ ನೋಡುವ. ಕೊನೆಯ ಪ್ರಶ್ನೆ. ಮಾಯವಾಗುವ ಶಾಟ್ ಕಣದಲ್ಲೇ ಹಗಲು ತೆಗೆಯಬೇಕು. ಬಿಸಿಲು ಒಳ್ಳೆಯದಾ, ಮೋಡವಾ? ವೇಗ ಎಷ್ಟು ಇಡುವುದು?

ಬೆಳಕಿಂಡಿ

ಪೂರ್ತಿ ಮೋಡ, ಇಲ್ಲವೇ ಪೂರ್ತಿ ಬಿಸಿಲು. ಹರಿದ ಮೋಡ ಮಾತ್ರ ಬೇಡ. ಬೆಳಗಿನ ಮಂಜೂ ಬೇಡ, ನೋಡಲು ಚೆಂದ, ಆದರೆ ಎರಡೇ ನಿಮಿಷದಲ್ಲಿ ಹಿಂದಿನ ಸಿಲ್ವರ್ ಓಕ್ ಮರ ಕಾಣದಾಗುತ್ತದೆ, ಕಟ್ ಆದಲ್ಲಿ ಮರ ಠಪ್ ಅಂತ ಮೂಡುತ್ತದೆ. ಬಿಸಿಲಲ್ಲಿ ನೆರಳು ಕಳ್ಳ. ಸೂರ್ಯ 45 ಡಿಗ್ರಿ ಎತ್ತರದಲ್ಲಿರುವಾಗ 2 ಮೀಟರ್ ಕಂಬದ ನೆರಳು ನಾಲ್ಕು ನಿಮಿಷಕ್ಕೆ 6-7 ಸೆಂ.ಮೀ. ಸರಿಯುತ್ತದೆ. ಆದ್ದರಿಂದ ನಿಂತು ಸರಿದುಹೋಗುವುದು 15 ಸೆಕೆಂಡಿನೊಳಗೆ ಮುಗಿಯದೆ ಇದ್ದರೆ ಆ ಟೇಕ್ ಬಿಟ್ಟು ಮೊದಲಿನಿಂದ ಮಾಡಿ.

ಮೆಲಿಯೆಸ್ 1897ರಲ್ಲಿ ಪ್ಯಾರಿಸ್ ಪಕ್ಕದ ಮೊಂತ್ರೆಯಲ್ಲಿ ಗಾಜಿನ ಸ್ಟುಡಿಯೋ ಕಟ್ಟಿದ್ದು ಹವೆ, ಬೆಳಕಿನ ಇಂಥ ಕಾಟಕ್ಕೆ. ನೀವು ಕಣದ ಮೇಲೆ ನಾಲ್ಕು ಬಿದಿರು ನೆಟ್ಟು ಹತ್ತಡಿ ಎತ್ತರದಲ್ಲಿ ಬಿಳಿ ಮಲ್ ಬಟ್ಟೆ ಎಳೆದು ಕಟ್ಟಿ, ನೆರಳು ಕರಗುತ್ತದೆ. ಹಸಿರು ಶೇಡ್ ನೆಟ್ ಬೇಡ, ಗಾಳಿ ಬಂದರೆ ಚುಕ್ಕೆ ಚುಕ್ಕೆ ನೆರಳು ನೆಲದ ಮೇಲೆ ಓಡಾಡುತ್ತದೆ. ಮಲ್ ಬಟ್ಟೆಯನ್ನೂ ಬಿಗಿಯಾಗಿ ಕಟ್ಟಿ, ಪಟಪಟಿಸಿದರೆ ಬೆಳಕೂ ಪಟಪಟಿಸುತ್ತದೆ.

ವೇಗ: 25 ಫ್ರೇಮ್‌ನಲ್ಲಿ ತೆಗೆದು ಎಡಿಟಿಂಗ್‌ನಲ್ಲಿ 125ರಿಂದ 130 ಪ್ರತಿಶತಕ್ಕೆ ಏರಿಸಿ. 150ಕ್ಕೆ ಏರಿಸಿದರೆ ಎಲ್ಲರೂ ಕೋಳಿಗಳ ಹಾಗೆ ಓಡಾಡುತ್ತಾರೆ. ಹಾಗೆ ಕಾಣುವುದು 16ರಲ್ಲಿ ತೆಗೆದ ಚಿತ್ರವನ್ನು ಮುಂದೆ 24ರಲ್ಲಿ ಓಡಿಸಿದ್ದರಿಂದ, ಅವರ ಕಾಲದಲ್ಲಿ ಹಾಗಿರಲಿಲ್ಲ. ಮತ್ತೆ, ವೇಗ ಏರಿಸುವುದು ಕಟ್ ಮಾಡಿದ ನಂತರ. ಮೊದಲೇ ಏರಿಸಿದರೆ ಸಾಫ್ಟ್‌ವೇರ್ ಫ್ರೇಮ್ ಬೆರೆಸಿಬಿಡುತ್ತದೆ, ಮಾಯವಾಗುವ ಜಾಗದಲ್ಲಿ ಹೆಂಗಸು ಅರ್ಧ ಫ್ರೇಮ್ ಉಳಿಯುತ್ತಾಳೆ. ಏರಿಸುವಾಗಲೂ ಫ್ರೇಮ್ ಬ್ಲೆಂಡಿಂಗ್ ಆಫ್ ಆಗಿರಬೇಕು.